ಸ್ಟೇಷನ್ ಸಿಕ್ಕಿದ್ದು ಟಿಪ್ಪಣಿಯಲ್ಲಿ: ನನ್ನ ಅನುಭವ

ನಮ್ಮೂರ ಸ್ಟೇಷನ್ ರೈಲ್ವೆ ಲೈನಿನ ಜೊತೆಗೆ ಹುಟ್ಟಿದ್ದಲ್ಲ. ಲೈನ್ ಬಂದು ಹತ್ತು-ಹನ್ನೆರಡು ವರ್ಷ ಕಳೆದ ಮೇಲೆ ಹುಟ್ಟಿದ್ದು. ಈ ಒಂದು ಮಾತನ್ನು ಧೈರ್ಯವಾಗಿ ಬರೆಯುವುದಕ್ಕೆ ನನಗೆ ನಾಲ್ಕು ವರ್ಷ ಹಿಡಿಯಿತು. ಹಳೇ ರೈಲಿನ ಹುಚ್ಚು ಇರುವ ನಮ್ಮ ಗೆಳೆಯರ ಗುಂಪಿನಲ್ಲಿ ಒಬ್ಬರೂ ಒಪ್ಪಿರಲಿಲ್ಲ. "ರೈಲ್ವೆ ಕಡತ ಇಲ್ಲದೆ ಸ್ಟೇಷನ್ ಚರಿತ್ರೆ ಬರೆಯೋಕೆ ಆಗಲ್ಲ ಬಿಡಿ" ಅಂತಲೇ ಎಲ್ಲರೂ ಹೇಳುತ್ತಿದ್ದರು. ರೈಲ್ವೆ ಕಡತದ ಒಂದು ಹಾಳೆಯೂ ಇಲ್ಲದೆ ನಾನು ಬರೆದೆ. ಈಗ ಅವರೇ ಫೋನ್ ಮಾಡಿ "ಟಿಪ್ಪಣಿ ನಕಲು ತೆಗೆಯೋದು ಹೇಗೆ?" ಅಂತ ಕೇಳುತ್ತಿದ್ದಾರೆ. ಟಿಪ್ಪಣಿ ಅಂದರೆ ಸರ್ವೆಯವರು ಹೊಲ ಅಳೆದು ಬರೆದಿಟ್ಟ ನಕ್ಷೆಯ ಹಾಳೆ. ಅದಕ್ಕೇ ಒಂದೇ ಸಲ ಬರೆದುಬಿಡೋಣ ಅನಿಸಿತು.

ನಮ್ಮೂರು ಚಿಂತಾಮಣಿಗೂ ಶ್ರೀನಿವಾಸಪುರಕ್ಕೂ ನಡುವೆ ಇದೆ. ಯಲಹಂಕದಿಂದ ದೇವನಹಳ್ಳಿ, ಚಿಕ್ಕಬಳ್ಳಾಪುರ, ಶಿಡ್ಲಘಟ್ಟ, ಚಿಂತಾಮಣಿ, ಕೋಲಾರ ಹಾದು ಬಂಗಾರಪೇಟೆ ಮುಟ್ಟುವ ಲೈನು ನಿಮಗೆಲ್ಲ ಗೊತ್ತು. ಒಟ್ಟು ಸುಮಾರು 150 ಕಿಲೋಮೀಟರ್. ಮೊದಲು ಎರಡೂವರೆ ಅಡಿ ಗೇಜು, ಅಂದರೆ ಎರಡು ಹಳಿಯ ನಡುವೆ ಅಷ್ಟೇ ಅಂತರ. ಬಂಗಾರಪೇಟೆ ಆಗ ಬೌರಿಂಗ್‌ಪೇಟೆ. ಅಲ್ಲಿಂದ ಕೋಲಾರದ ತುಂಡು 1913ರಲ್ಲಿ, ಚಿಕ್ಕಬಳ್ಳಾಪುರದ ಕಡೆಯದು 1915ರ ಹೊತ್ತಿಗೆ, ನಡುವಿನ ನಮ್ಮ ತುಂಡು ಅದೇ ಕಾಲದ್ದು. ಕೋಲಾರ–ಚಿಕ್ಕಬಳ್ಳಾಪುರ ಬ್ರಾಡ್‌ಗೇಜ್ (ಅಗಲ ಹಳಿ) ಆಗಿ ರೈಲು ಓಡಿದ್ದು 2013ರಲ್ಲಿ. ಆಗ ಕೆಲವು ತಿರುವು ನೆಟ್ಟಗೆ ಮಾಡಿದರು, ನಮ್ಮ ಸ್ಟೇಷನ್ ಆಚೆ ಉಳಿಯಿತು. ಈಗ ಅಲ್ಲಿ ಇರುವುದು ಒಂದು ಕಲ್ಲುಕಟ್ಟಡದ ಎರಡು ಗೋಡೆ, ಒಂದು ಹುಣಸೆಮರ, ಒಂದು ಬತ್ತಿದ ಬಾವಿ. ಅಷ್ಟೇ.

ನಂದಿ ಹಾಲ್ಟ್ ಸ್ಟೇಷನ್ ನೋಡಿದವರಿಗೆ ನನ್ನ ಹೊಟ್ಟೆಯುರಿ ಅರ್ಥ ಆಗುತ್ತದೆ. ಅದೇ ಲೈನು, ಅದೇ ಕಾಲ. ಅಲ್ಲಿ ಕಟ್ಟಡ ನಿಂತಿದೆ, ಅದನ್ನು ಸರಿಮಾಡಿಸುವುದಕ್ಕೆ ಹಳೇ ಕಟ್ಟಡ ಉಳಿಸುವ ಇಂಟ್ಯಾಕ್ ಸಂಸ್ಥೆಯವರೂ ಮುಂದೆ ಬಂದರು. ನಮ್ಮದಕ್ಕೆ ಯಾವ ವರ್ಷ ಕಟ್ಟಿದ್ದು ಅನ್ನುವುದೂ ಯಾರಿಗೂ ಗೊತ್ತಿರಲಿಲ್ಲ.

ಮೊದಲು ಮಾಡಿದ್ದೆಲ್ಲ ದಂಡ ಆಯಿತು. ಅದನ್ನು ಮೊದಲೇ ಹೇಳುತ್ತೇನೆ, ನಿಮ್ಮ ದುಡ್ಡಾದರೂ ಉಳಿಯಲಿ.

ಎಲ್ಲರ ಹಾಗೆ ನಾನೂ ಹಿರಿಯರ ಮಾತು ರೆಕಾರ್ಡ್ ಮಾಡಿಕೊಂಡು ಓಡಾಡಿದೆ. ಮೂವತ್ತಕ್ಕೂ ಜಾಸ್ತಿ ಜನರನ್ನು ಕೂರಿಸಿ ಕೇಳಿದೆ. ರೈಲು ಎಷ್ಟು ಹೊತ್ತಿಗೆ ಬರುತ್ತಿತ್ತು, ಮಾವಿನಕಾಯಿ ಬುಟ್ಟಿ ಎಲ್ಲಿ ಏರಿಸುತ್ತಿದ್ದರು, ಸ್ಟೇಷನ್ ಮಾಸ್ಟರು ಯಾವ ಮನೆಯಲ್ಲಿ ಬಾಡಿಗೆಗೆ ಇದ್ದರು, ಇದೆಲ್ಲ ಬಂಗಾರದಂಥ ಮಾಹಿತಿ. ಆದರೆ "ಯಾವಾಗ ಕಟ್ಟಿದ್ದು ತಾತ?" ಅಂದರೆ ಎಲ್ಲರದ್ದೂ ಒಂದೇ ಉತ್ತರ: "ವಿಶ್ವೇಶ್ವರಯ್ಯನವರು ಬಂದು ಶುರು ಮಾಡಿದ್ದು ಕಣಪ್ಪ." ಅವರು ದಿವಾನರಾಗಿದ್ದು 1912ರಿಂದ 1918ರವರೆಗೆ. ಲೈನ್ ಬಂದದ್ದು ಅವರ ಕಾಲದಲ್ಲೇ. ಹಾಗಾಗಿ ಈ ಮಾತನ್ನು ತಳ್ಳಿಹಾಕುವುದಕ್ಕೂ ಆಗಲಿಲ್ಲ, ನಂಬುವುದಕ್ಕೂ ಆಗಲಿಲ್ಲ. ನಮ್ಮ ಕಡೆ ಕೆರೆ ತೂಬು, ಛತ್ರ, ಸೇತುವೆ ಎಲ್ಲವೂ ಜನರ ಬಾಯಲ್ಲಿ ಅವರ ಲೆಕ್ಕಕ್ಕೇ ಸೇರುತ್ತವೆ.

ಆಮೇಲೆ ಮಾಹಿತಿ ಹಕ್ಕಿನ ಅರ್ಜಿ. ಹತ್ತು ರೂಪಾಯಿ ಪೋಸ್ಟಲ್ ಆರ್ಡರ್ ಲಗತ್ತಿಸಿ ಒಂದು ಕಚೇರಿಗೆ ಹಾಕಿದೆ. ಅವರು ಇನ್ನೊಂದು ಕಚೇರಿಗೆ ದಾಟಿಸಿದರು. ಅಲ್ಲಿಂದ ಮತ್ತೊಂದಕ್ಕೆ. ಏಳು ತಿಂಗಳಾದ ಮೇಲೆ ಒಂದೇ ಸಾಲಿನ ಉತ್ತರ ಬಂತು, ಕಡತ ಲಭ್ಯವಿಲ್ಲ. ಮೇಲ್ಮನವಿಗೂ ಅದೇ ಸಾಲು. ಈ ಲೈನು ಮೈಸೂರು ಸಂಸ್ಥಾನದ್ದಾಗಿತ್ತು, ಆಮೇಲೆ ಭಾರತ ಸರ್ಕಾರಕ್ಕೆ ಹೋಯಿತು, 1951ರಲ್ಲಿ ದಕ್ಷಿಣ ರೈಲ್ವೆ, 2003ರಲ್ಲಿ ನೈಋತ್ಯ ರೈಲ್ವೆ. ಇಷ್ಟು ಸಲ ಮನೆ ಬದಲಾಯಿಸಿದರೆ ಸಣ್ಣ ಸ್ಟೇಷನ್ನಿನ ಕಾಗದ ಎಲ್ಲಿ ಉಳಿಯುತ್ತದೆ? ಕೋಪ ಬಂತು ನಿಜ. ಈಗ ಯೋಚಿಸಿದರೆ ನಾನು ತಪ್ಪು ಬಾಗಿಲು ತಟ್ಟುತ್ತಿದ್ದೆ ಅನಿಸುತ್ತದೆ.

ಮೂರನೆಯದು ದುಡ್ಡಿನ ಏಟು. ಹಳೇ ಎನಾಮಲ್ ಬೋರ್ಡು ಇದೆ, ನಿಮ್ಮ ಸ್ಟೇಷನ್ ಹೆಸರೇ ಇದೆ ಅಂತ ಒಬ್ಬ ಫೋಟೋ ಕಳಿಸಿದ. ಆರೂವರೆ ಸಾವಿರ ಕೊಟ್ಟು ತರಿಸಿದೆ. ಹಿಂದುಗಡೆ ಉಜ್ಜಿ ನೋಡಿದರೆ ತೂತುಗಳ ಅಂಚಿನಲ್ಲಿ ತುಕ್ಕೇ ಇಲ್ಲ. ನೂರು ವರ್ಷ ಗಾಳಿಮಳೆಯಲ್ಲಿ ನೇತಾಡಿದ ಬೋರ್ಡಿಗೆ ಮೊಳೆ ತೂತಿನ ಸುತ್ತಲೇ ಮೊದಲು ಎನಾಮಲ್ ಒಡೆಯುತ್ತದೆ, ಅಲ್ವಾ? ಹೊಸದಾಗಿ ಮಾಡಿ ಹಳೇದರ ಹಾಗೆ ತೋರಿಸಿದ್ದು. ಸ್ಕ್ಯಾನ್ ಮಾಡಿಕೊಡುತ್ತೇನೆ ಅಂದ ಇನ್ನೊಬ್ಬನಿಗೆ ನಾಲ್ಕು ಸಾವಿರ ಮುಂಗಡ ಕೊಟ್ಟೆ. ಆ ದುಡ್ಡೂ ಹೋಯಿತು.

ಒಂದು ವರ್ಷ ಸುಮ್ನೆ ಇದ್ದುಬಿಟ್ಟೆ.

ನನ್ನದು ಪಂಪ್‌ಸೆಟ್ ರಿಪೇರಿ ಕೆಲಸ. ಸಾವಿರದಿನ್ನೂರು ಅಡಿ ಬೋರ್‌ವೆಲ್‌ನಿಂದ ಮೋಟರ್ ಎತ್ತುವುದು, ವೈಂಡಿಂಗ್ ಮಾಡಿ ಇಳಿಸುವುದು. ಒಂದು ದಿನ ಹಾಗೇ ಒಬ್ಬ ರೈತರ ತೋಟದಲ್ಲಿ ಮೋಟರ್ ಎತ್ತುತ್ತಿದ್ದೆವು. ಅವರಿಗೂ ಪಕ್ಕದವರಿಗೂ ಬದುವಿನ ಜಗಳ. ಸರ್ವೆಯರ್ ಬಂದಿದ್ದರು. ಬದುವಿನ ಮೇಲೆ ಟಿಪ್ಪಣಿ ನಕಲು ಹರಡಿ, ನಾಲ್ಕು ಮೂಲೆಗೆ ಕಲ್ಲಿಟ್ಟು ಚೈನ್ ಎಳೆಸುತ್ತಿದ್ದರು. ಟೀ ಕುಡಿಯುತ್ತಾ ನಾನೂ ಬಗ್ಗಿ ನೋಡಿದೆ. ಜಮೀನಿನ ನಡುವೆ ಎರಡು ಸಮಾನ ಗೆರೆ ಓರೆಯಾಗಿ ಹಾದು ಹೋಗಿವೆ. ಹೊಲದ ಒಂದು ಮೂಲೆಗೆ ಬರುವಾಗ ಕೆಳಗಿನ ಗೆರೆ ಥಟ್ಟನೆ ಆಚೆ ಸರಿದು ಪಟ್ಟೆ ದಪ್ಪ ಆಗಿದೆ. "ಇದೇನು ಸಾರ್?" ಅಂದೆ. "ರೈಲ್ವೆ ಖರಾಬು. ಹಳೇದು" ಅಂದರು. ಖರಾಬು ಅಂದರೆ ಸಾಗುವಳಿ ಲೆಕ್ಕದಿಂದ ಬಿಟ್ಟ, ಕಂದಾಯ ಇಲ್ಲದ ಜಾಗ. ಅವರಿಗೆ ಅದು ದಿನಾ ನೋಡುವ ಗೆರೆ. ನನಗೆ ಮಾತ್ರ ಕೈಯಲ್ಲಿದ್ದ ಲೋಟ ಹಾಗೇ ನಿಂತಿತು. ಪಟ್ಟೆ ದಪ್ಪ ಆಗುವ ಕಡೆ ಎರಡನೇ ಹಳಿ, ಅಂದರೆ ಪಕ್ಕದಲ್ಲಿ ಇನ್ನೊಂದು ಜೋಡಿ ಹಳಿ ಇತ್ತು. ಎರಡನೇ ಹಳಿ ಇದ್ದ ಕಡೆ ಸ್ಟೇಷನ್ ಇತ್ತು.

ಅಲ್ಲಿಂದ ನಾನು ರೈಲ್ವೆ ಬಿಟ್ಟು ಕಂದಾಯ ಹಿಡಿದೆ. ರೈಲು ಹೋಗಬಹುದು, ಕಟ್ಟಡ ಬೀಳಬಹುದು, ಆದರೆ ಜಮೀನಿನ ಕಾಗದವನ್ನು ನಮ್ಮ ಜನ ಬಿಡುವುದಿಲ್ಲ. ಒಂದು ಗುಂಟೆ ಹೋದರೂ ಅದು ಎಲ್ಲೋ ಒಂದು ಕಡೆ ಬರೆದಿರುತ್ತದೆ, ಯಾಕೆಂದರೆ ಅಷ್ಟರ ಮಟ್ಟಿಗೆ ಕಂದಾಯ ಕಡಿಮೆ ಆಗಬೇಕು.

ಕೆಲಸ ಮಾಡಿದ್ದು ಹೀಗೆ. ಮೊದಲು ಗ್ರಾಮ ನಕಾಶೆ. ಅದರಲ್ಲಿ ಲೈನು ಯಾವ ಯಾವ ಸರ್ವೆ ನಂಬರಿನ ಮೇಲೆ ಹಾದಿದೆ ಅಂತ ಗುರುತು ಮಾಡಿಕೊಂಡೆ. ನಮ್ಮೂರ ಎಲ್ಲೆಯಲ್ಲಿ ಇಪ್ಪತ್ತಮೂರೋ ಇಪ್ಪತ್ನಾಲ್ಕೋ ನಂಬರು. ಅಷ್ಟಕ್ಕೂ ಟಿಪ್ಪಣಿ, ಆಕಾರಬಂದ್ (ಪ್ರತಿ ನಂಬರಿನ ವಿಸ್ತೀರ್ಣ, ಕಂದಾಯ ಬರೆದ ಪಟ್ಟಿ), ಪೋಡಿ (ನಂಬರು ಒಡೆದು ಭಾಗ ಮಾಡಿದ್ದು) ಆದದ್ದರ ಕಾಗದ, ಹಳೇ ಕೈಬರಹದ ಪಹಣಿ ನಕಲಿಗೆ ಅರ್ಜಿ ಹಾಕಿದೆ. ಕಂಪ್ಯೂಟರ್ ಪಹಣಿಯಿಂದ ಏನೂ ಪ್ರಯೋಜನ ಇಲ್ಲ, ಅದರಲ್ಲಿ ಕೊನೆಗೆ ಉಳಿದ ಲೆಕ್ಕ ಮಾತ್ರ ಇರುತ್ತದೆ. ಬೇಕಾದದ್ದು ಹೊಡೆದು ಹಾಕಿದ ಅಂಕಿ, ಪಕ್ಕದಲ್ಲಿ ಕೆಂಪು ಶಾಯಿಯಲ್ಲಿ ಬರೆದ ಅಂಕಿ.

ಅಳತೆ ನಿಮಗೆ ಗೊತ್ತೇ ಇದೆ. ಚೈನ್ ಅಂದರೆ 33 ಅಡಿ, ಅದರಲ್ಲಿ 16 ಆಣೆ. ಚೈನನ್ನು ಚೈನಿನಿಂದ ಗುಣಿಸಿದರೆ ಬರುವುದು ನೇರವಾಗಿ ಗುಂಟೆ. ಟಿಪ್ಪಣಿ ಕೈಯಲ್ಲಿದ್ದರೆ ಬೇರೆ ಲೆಕ್ಕವೇ ಬೇಡ. ನಮ್ಮ ಲೈನಿನ ಪಟ್ಟೆ ಬಯಲಲ್ಲಿ ಎರಡು ಚೈನ್ ಅಗಲ, ಅಂದರೆ 66 ಅಡಿ. ಕೆರೆ ಏರಿ ಹತ್ತಿರ ದಿಬ್ಬ ಎತ್ತರ ಇರುವ ಕಡೆ ಎರಡೂವರೆ, ಮೂರು. ಸ್ಟೇಷನ್ ಜಾಗದಲ್ಲಿ ಐದು ಚೈನ್. ಹಾಗೆ ಅಗಲವಾಗಿ ಇಪ್ಪತ್ತು ಚೈನ್ ಉದ್ದ ಓಡುತ್ತದೆ. ಅಂದರೆ ಪಟ್ಟೆಯ ಮೇಲೆ ಹೆಚ್ಚುವರಿ ಮೂರು ಚೈನ್ ಅಗಲ, ಇಪ್ಪತ್ತು ಚೈನ್ ಉದ್ದ. ಅರವತ್ತು ಗುಂಟೆ. ಒಂದು ಎಕರೆ ಇಪ್ಪತ್ತು ಗುಂಟೆ.

ಆಕಾರಬಂದ್ ತೆಗೆದು ಕೂಡಿದೆ. ಮೂರು ಸರ್ವೆ ನಂಬರಿನಲ್ಲಿ ಹೆಚ್ಚುವರಿಯಾಗಿ ಹೋದದ್ದು ಒಂದು ಎಕರೆ ಹದಿನೆಂಟು ಗುಂಟೆ. ಎರಡೇ ಗುಂಟೆ ವ್ಯತ್ಯಾಸ. ಆ ರಾತ್ರಿ ನಾನು ನಿದ್ದೆ ಮಾಡಲಿಲ್ಲ.

ಆದರೆ ನಿಜವಾದ ವಿಷಯ ಅಂಕಿಯಲ್ಲಿ ಇರಲಿಲ್ಲ, ಕೈಬರಹದಲ್ಲಿ ಇತ್ತು. ಲೈನಿನ ಎರಡು ಚೈನ್ ಪಟ್ಟೆಯನ್ನು ಕಳೆದಿರುವ ನಮೂದು ಎಲ್ಲ ನಂಬರಿನಲ್ಲೂ ಒಂದೇ ಕೈ, ಒಂದೇ ಶಾಯಿ, ಒಂದೇ ಆದೇಶದ ಸಂಖ್ಯೆ. ಸ್ಟೇಷನ್ ಜಾಗದ ಮೂರು ನಂಬರಿನಲ್ಲಿ ಮಾತ್ರ ಅದರ ಕೆಳಗೆ ಇನ್ನೊಂದು ನಮೂದು. ಬೇರೆ ಕೈ. ಅಕ್ಷರ ಸ್ವಲ್ಪ ಬಲಕ್ಕೆ ವಾಲಿದೆ. ಶಾಯಿ ತೆಳು. ಆದೇಶದ ಸಂಖ್ಯೆ ಬೇರೆ, ಇಸವಿ ಹತ್ತು-ಹನ್ನೆರಡು ವರ್ಷ ಈಚೆಯದು. ಅಂದರೆ ಜಮೀನು ಹೋಗಿರುವುದು ಒಂದೇ ಸಲ ಅಲ್ಲ, ಎರಡು ಸಲ. ಮೊದಲು ಲೈನಿಗೆ. ಆಮೇಲೆ ಮತ್ತೆ ಬಂದು ಅಗಲಕ್ಕೆ. ಮೊದಲ ಹತ್ತು ವರ್ಷ ರೈಲು ನಮ್ಮೂರ ಹೊಲದ ಮೇಲೆ ಓಡಿತ್ತು, ನಿಂತಿರಲಿಲ್ಲ.

ಇಲ್ಲಿ ಒಂದು ಮಾತು. ಎರಡನೇ ನಮೂದಿನ ಆದೇಶ ಸಂಖ್ಯೆಯಿಂದ ಮೂಲ ಆದೇಶಕ್ಕೆ ಹೋಗಬೇಕಾದರೆ ನಡುವೆ ಒಂದು ರಿಜಿಸ್ಟರ್ ನೋಡಬೇಕು. ಅದು ಯಾವುದು ಅಂತ ನಾನು ಇಲ್ಲಿ ಬರೆಯುವುದಿಲ್ಲ. ಅದನ್ನು ಕಂಡುಕೊಳ್ಳುವುದಕ್ಕೆ ಹನ್ನೊಂದು ಸಲ ಬಸ್ ಹತ್ತಿದ್ದೇನೆ. ಇನ್ನೂ ಎರಡು ಸ್ಟೇಷನ್ ನನ್ನ ಕೈಯಲ್ಲಿವೆ, ಅವು ಮುಗಿಯಲಿ, ಆಮೇಲೆ ಹೇಳುತ್ತೇನೆ. ಮಾಸಿದ ಶಾಯಿಯನ್ನು ಫೋಟೋದಲ್ಲಿ ಎದ್ದು ಕಾಣಿಸುವುದಕ್ಕೂ ನನ್ನದೇ ಒಂದು ದಾರಿ ಇದೆ. ಟಾರ್ಚನ್ನು ಮೇಲಿನಿಂದ ಹಿಡಿಯಬೇಡಿ ಅಂತ ಮಾತ್ರ ಹೇಳಬಲ್ಲೆ.

ಕಾಗದದಲ್ಲಿ ಸಿಕ್ಕಿದ್ದನ್ನು ನೆಲದಲ್ಲಿ ನೋಡದಿದ್ದರೆ ನನಗೆ ಸಮಾಧಾನ ಇಲ್ಲ. ಜೂನ್–ಜುಲೈ ಮಳೆಗೆ ರಾಗಿ ಬಿತ್ತುತ್ತಾರೆ, ಆಗಸ್ಟ್ ಹೊತ್ತಿಗೆ ಪೈರು ಮೊಣಕಾಲು ಎತ್ತರ. ಆಗ ಕೆರೆ ಏರಿಯ ಮೇಲೆ ನಿಂತು ಸಂಜೆ ಬಿಸಿಲಲ್ಲಿ ನೋಡಿ. ಹಳೇ ಜಲ್ಲಿ ಇರುವ ಕಡೆ ಬೇರು ಇಳಿಯುವುದಿಲ್ಲ, ಪೈರು ಗಿಡ್ಡ, ಬಣ್ಣ ಹಳದಿ. ಇಡೀ ಲೈನು ಹೊಲದಲ್ಲಿ ಹಾವಿನ ಹಾಗೆ ಮಲಗಿರುವುದು ಕಾಣಿಸುತ್ತದೆ. ಸ್ಟೇಷನ್ ಜಾಗದಲ್ಲಿ ಅದು ಎರಡಾಗಿ ಸೀಳಿ ಮತ್ತೆ ಒಂದಾಗುತ್ತದೆ. ಟಿಪ್ಪಣಿಯಲ್ಲಿ ಗೆರೆ ಆಚೆ ಸರಿದ ಕಡೆಗೂ ಪೈರು ಹಳದಿಯಾದ ಕಡೆಗೂ ಹೆಜ್ಜೆ ಹಾಕಿ ಅಳೆದೆ. ಎಂಟೋ ಹತ್ತೋ ಅಡಿ ವ್ಯತ್ಯಾಸ ಬಂತು. ಬೇಸಿಗೆಯಲ್ಲಿ ಇದು ಕಾಣುವುದಿಲ್ಲ, ಸ್ಯಾಟಲೈಟ್ ಚಿತ್ರದಲ್ಲೂ ತಿಂಗಳು ನೋಡಿ ಆರಿಸಿಕೊಳ್ಳಬೇಕು. ಟೊಮೇಟೊ ಹಾಕಿದ ಹೊಲದಲ್ಲಂತೂ ಆಗುವುದೇ ಇಲ್ಲ. ಮಲ್ಚಿಂಗ್ ಶೀಟು ಹಾಕಿ ಸಾಲು ಎತ್ತರಿಸಿರುತ್ತಾರೆ, ಡ್ರಿಪ್‌ನಲ್ಲಿ ಗೊಬ್ಬರ ಬಿಡುತ್ತಾರೆ, ಎಲ್ಲ ಒಂದೇ ಹಸಿರು.

ಮಧ್ಯೆ ಒಂದು ಅಡ್ಡದಾರಿಯ ಪ್ರಯೋಗ. ನಮ್ಮೂರ ಸ್ಕೂಲಿನ ಗಂಟೆ ಒಂದು ಹಳಿಯ ತುಂಡು. ನಾನೂ ಅದರ ಸದ್ದಿಗೇ ಓಡಿ ಹೋದವನು. ಅದು ನಮ್ಮ ಸಣ್ಣ ಗಾಡಿಯ ಹಳಿಯೋ, ಬಂಗಾರಪೇಟೆ ಕಡೆಯ ದೊಡ್ಡ ಲೈನಿನದೋ ನೋಡಬೇಕು ಅನಿಸಿತು. ದಸರಾ ರಜೆಯಲ್ಲಿ ಹೆಡ್‌ಮಾಸ್ಟರ್ ಮೇಷ್ಟ್ರನ್ನು ಕೇಳಿ ಕೆಳಗಿಳಿಸಿದೆ. ಹಳಿಯನ್ನು ಹೆಸರಿಸುವುದೇ ಒಂದು ಗಜಕ್ಕೆ ಎಷ್ಟು ಪೌಂಡ್ ಅಂತ. ತುಂಡು ಒಂದು ಅಡಿ ಎಂಟು ಇಂಚು ಉದ್ದ. ರೇಷ್ಮೆಗೂಡು ತೂಗುವ ತಕ್ಕಡಿಯಲ್ಲಿ ಎಂಟೂವರೆ ಕೆಜಿ ಚಿಲ್ಲರೆ ಬಂತು. ಲೆಕ್ಕ ಹಾಕಿದರೆ ಗಜಕ್ಕೆ 34 ಪೌಂಡ್ ಹತ್ತಿರ. ಬಡಿದು ಬಡಿದು ಸವೆದದ್ದು, ತೂತು ಕೊರೆದದ್ದು ಸೇರಿಸಿಕೊಂಡರೆ 35 ಅನ್ನಬಹುದು. ದೊಡ್ಡ ಲೈನಿನ ಹಳಿ ಇದರ ಎರಡರಷ್ಟಕ್ಕೂ ಜಾಸ್ತಿ ತೂಗುತ್ತದೆ. ಹಾಗಾಗಿ ಇದು ಸಣ್ಣ ಗಾಡಿಯದೇ. ಹೊಟ್ಟೆಯ ಭಾಗಕ್ಕೆ ಸೀಮೆಸುಣ್ಣದ ಪುಡಿ ಉಜ್ಜಿದರೆ ಉಬ್ಬಿದ ಅಕ್ಷರ ಒಂದಿಷ್ಟು ಕಂಡವು, "ಸ್ಟೀಲ್" ಅನ್ನುವ ಇಂಗ್ಲಿಷ್ ಪದ, ಅದರ ಪಕ್ಕ ವರ್ಷದ ಕೊನೆಯ ಅಂಕಿ ಇರಬೇಕು, 9ರ ಹಾಗೆ ಕಾಣುವ ಒಂದು ಗುರುತು. ಇದರಿಂದ ಸ್ಟೇಷನ್ ವಯಸ್ಸು ಸಿಗುವುದಿಲ್ಲ, ಹಳಿ ಎಲ್ಲಿಂದ ಎಲ್ಲಿಗೋ ಓಡಾಡುವ ವಸ್ತು. ಆದರೂ ಆ ಪುಡಿಯಲ್ಲಿ ಅಕ್ಷರ ಒಂದೊಂದಾಗಿ ಮೂಡುವಾಗ ಸುತ್ತ ನಿಂತ ಮಕ್ಕಳ ಮುಖ ನೋಡಬೇಕಿತ್ತು. ಇನ್ನೊಂದು ವಿಷಯ, ಹೊಲದಲ್ಲೋ ಗುಜರಿಯಲ್ಲೋ ಹಳಿ ತುಂಡು ಕಂಡರೆ ಅಳೆದು ಫೋಟೋ ತೆಗೆದು ಅಲ್ಲೇ ಬಿಡಿ. ಮನೆಗೆ ತರಬೇಡಿ. ರೈಲ್ವೆ ಸ್ವತ್ತು ಇಟ್ಟುಕೊಂಡರೆ 1966ರ ಕಾನೂನಿನಲ್ಲಿ ಕೇಸಾಗುತ್ತದೆ.

ಇಷ್ಟೆಲ್ಲ ಹಿಡಿದುಕೊಂಡು ಗೆಳೆಯರ ಮುಂದೆ ಇಟ್ಟೆ. ಆಗಲೂ ಒಪ್ಪಲಿಲ್ಲ. ಅವರಲ್ಲಿ ಒಬ್ಬರು ಬಹಳ ಓದಿದವರು, ಅವರ ಪ್ರಶ್ನೆ ನ್ಯಾಯವಾಗಿತ್ತು: "ಎರಡನೇ ಸಲ ತೆಗೆದುಕೊಂಡ ಜಾಗ ಗೂಡ್ಸ್ ಇಳಿಸೋಕೆ ಯಾಕಿರಬಾರದು? ಸ್ಟೇಷನ್ ಮೊದಲೇ ಇದ್ದು, ಆಮೇಲೆ ದೊಡ್ಡದು ಮಾಡಿರಬಹುದಲ್ಲ?" ಆಕಾರಬಂದ್‌ನಲ್ಲಿ ಇರುವುದು "ರೈಲ್ವೆಗೆ" ಅಂತ ಮಾತ್ರ. ಯಾತಕ್ಕೆ ಅಂತ ಇಲ್ಲ. ನನ್ನ ಹತ್ತಿರ ಉತ್ತರ ಇರಲಿಲ್ಲ.

ವಿಧಾನಸೌಧದಲ್ಲಿರುವ ರಾಜ್ಯ ಪತ್ರಾಗಾರಕ್ಕೆ ಹೋದೆ. ಮೈಸೂರು ಗೆಜೆಟ್ ತಿರುವಿ ಹಾಕಿದೆ. 1894ರ ಮೈಸೂರು ಭೂಸ್ವಾಧೀನ ಕಾನೂನಿನ ಪ್ರಕಾರ ಜಮೀನು ತೆಗೆದುಕೊಳ್ಳಬೇಕಾದರೆ ಗೆಜೆಟ್‌ನಲ್ಲಿ ಪ್ರಕಟಣೆ ಬರಬೇಕು. ಆದೇಶದ ಇಸವಿ ಗೊತ್ತಿದ್ದರಿಂದ ಹುಡುಕುವುದು ಸಲೀಸು ಅಂದುಕೊಂಡಿದ್ದೆ. ಮೂರು ದಿನ ಬೆಂಗಳೂರಿನಲ್ಲಿ ಉಳಿದು ನೋಡಿದರೂ ನನಗೆ ಬೇಕಾದ ಹಾಳೆ ಸಿಗಲಿಲ್ಲ. ಲಾಡ್ಜು, ಊಟ, ಬಸ್ಸು ಸೇರಿ ಐದು ಸಾವಿರ. ಅಂಗಡಿ ಮುಚ್ಚಿದ ನಷ್ಟ ಬೇರೆ.

ಕೊನೆಗೆ ಉತ್ತರ ಇದ್ದದ್ದು ಸ್ಟೇಷನ್ ಬಾವಿಯಿಂದ ಕಾಲು ಮೈಲಿ ದೂರದ ಒಂದು ಮನೆಯಲ್ಲಿ. ಆ ಮೂರು ಸರ್ವೆ ನಂಬರಿನ ಹಳೇ ಖಾತೆದಾರರ ಹೆಸರು ಪಹಣಿಯಲ್ಲಿ ಇತ್ತಲ್ಲ, ಅವರ ಮನೆತನ ಹುಡುಕಿಕೊಂಡು ಹೊರಟೆ. ಎರಡು ಮನೆಯವರು ಬೆಂಗಳೂರು ಸೇರಿದ್ದಾರೆ. ಮೂರನೇ ಮನೆಯ ಅಜ್ಜಿಗೆ ಎಂಬತ್ತು ದಾಟಿದೆ. ಅವರ ಮೋಟರ್ ನಾನೇ ಎರಡು ಸಲ ರಿಪೇರಿ ಮಾಡಿದ್ದೆ. ಮೊದಲ ವರ್ಷ ಅವರನ್ನೂ ಕೂರಿಸಿ ರೆಕಾರ್ಡ್ ಮಾಡಿದ್ದೆ! ಆಗ ಕೇಳಿದ್ದು "ರೈಲು ಯಾವಾಗ ಬಂತು ಅಜ್ಜಿ?" ಅಂತ. ಈ ಸಲ ಕೇಳಿದ್ದು "ನಿಮ್ಮ ಜಮೀನು ಎಷ್ಟು ಹೋಯಿತು?" ಅಂತ.

ಅಜ್ಜಿಯ ಮುಖವೇ ಬದಲಾಯಿತು. "ಎರಡು ಸಲ ಕಿತ್ಕೊಂಡ್ರು ಕಣಪ್ಪ" ಅಂದರು. "ಒಂದು ಸಲ ಗಾಡಿಗೆ ಅಂದ್ರು. ಇನ್ನೊಂದು ಸಲ ಟೇಷನ್ನಿಗೆ ಅಂದ್ರು. ಎರಡನೇ ಸಲದ ದುಡ್ಡಲ್ಲಿ ನಮ್ಮ ತಾತ ಎತ್ತು ತಂದಿದ್ರಂತೆ." ಒಳಗೆ ಹೋಗಿ ಕಬ್ಬಿಣದ ಟ್ರಂಕು ಎಳೆದರು. ಅಡಿಯಲ್ಲಿ ಹಳೇ ಸೀರೆ ತುಂಡಿನಲ್ಲಿ ಸುತ್ತಿದ ಕ್ರಯಪತ್ರಗಳು, ಅದರ ನಡುವೆ ನಾಲ್ಕಾಗಿ ಮಡಿಸಿದ ಒಂದು ಕಾಗದ. ಮಡಿಕೆಯಲ್ಲಿ ಹರಿದಿದೆ, ಒಂದು ಮೂಲೆಯನ್ನು ಗೆದ್ದಲು ತಿಂದಿದೆ. ಸರ್ಕಾರದ ನೋಟೀಸು. ಸರ್ವೆ ನಂಬರು ಅದೇ. ಗುಂಟೆಯ ಲೆಕ್ಕ ಆಕಾರಬಂದ್‌ನಲ್ಲಿ ಆ ನಂಬರಿನ ಎದುರು ಇದ್ದದ್ದೇ. ಪರಿಹಾರ ರೂಪಾಯಿ-ಆಣೆ-ಪೈನಲ್ಲಿ. ನಡುವೆ ಕೈಯಲ್ಲಿ ತುಂಬಿದ ಜಾಗದಲ್ಲಿ "ಸ್ಟೇಷನ್ ಸಲುವಾಗಿ" ಅನ್ನುವ ಎರಡು ಪದ.

ನಾನು ಆ ಕಾಗದ ಮನೆಗೆ ತರಲಿಲ್ಲ. ಅಲ್ಲೇ ಜಗುಲಿಯ ಮೇಲೆ ಬಿಳಿ ಪಂಚೆ ಹಾಸಿ, ಒತ್ತದೆ, ಎರಡು ಕಡೆಯೂ ಫೋಟೋ ತೆಗೆದು, ಮತ್ತೆ ಅದೇ ಮಡಿಕೆಯಲ್ಲೇ ಮಡಿಸಿ ಕೊಟ್ಟೆ. ಕಾಗದ ಕೇಳಬೇಡಿ, ಫೋಟೋ ಕೇಳಿ. ಕಾಗದ ಕೇಳಿದ ಕೂಡಲೇ ಟ್ರಂಕು ಮುಚ್ಚಿಕೊಳ್ಳುತ್ತದೆ. ಜಮೀನಿನ ವಿಷಯದಲ್ಲಿ ಅವರ ಭಯಕ್ಕೆ ಕಾರಣ ಇದೆ.

ಇದಾದ ಎರಡೇ ತಿಂಗಳಿಗೆ, ನನ್ನ ಜೊತೆ ವಾದ ಮಾಡಿದ ಆ ಗೆಳೆಯರೇ ಎರಡು ಹಳೇ ಟೈಮ್‌ಟೇಬಲ್ ಹಾಳೆಯ ಫೋಟೋ ಕಳಿಸಿದರು. ಹಳೆಯದರಲ್ಲಿ ಚಿಂತಾಮಣಿ ಇದೆ, ಶ್ರೀನಿವಾಸಪುರ ಇದೆ, ನಡುವೆ ನಾವಿಲ್ಲ. ಆಮೇಲಿನದರಲ್ಲಿ ಇದ್ದೇವೆ. "ನೀವು ಹೇಳಿದ್ದೇ ಸರಿ" ಅಂತ ಕೆಳಗೆ ಒಂದು ಸಾಲು. ಆ ಮೆಸೇಜ್ ಇನ್ನೂ ಅಳಿಸಿಲ್ಲ.

ಖರ್ಚು ಕೇಳುವವರಿಗೆ: ನಕಲು ಶುಲ್ಕ ಎಲ್ಲ ಸೇರಿ ಮೂರು ಸಾವಿರದ ಒಳಗೆ. ನಿಜವಾದ ಕೆಲಸಕ್ಕೆ ಆದದ್ದು ಇಷ್ಟೇ. ಓಡಾಟ ಹದಿನೆಂಟು-ಇಪ್ಪತ್ತು ಸಾವಿರ. ಬೋರ್ಡು, ಸ್ಕ್ಯಾನು ಅಂತ ಕಳೆದುಕೊಂಡದ್ದು ಹತ್ತೂವರೆ. ಪ್ರಿಂಟು, ದೊಡ್ಡ ನಕಾಶೆ, ಫ್ರೇಮು ಆರೇಳು. ಎಲ್ಲ ಕೂಡಿದರೆ ನಲವತ್ತು ಸಾವಿರದ ಆಸುಪಾಸು. ಈಗ ಮತ್ತೆ ಮೊದಲಿನಿಂದ ಶುರು ಮಾಡಿದರೆ ಎಂಟು-ಹತ್ತು ಸಾವಿರದಲ್ಲಿ, ಆರು ತಿಂಗಳಲ್ಲಿ ಮುಗಿಸುತ್ತೇನೆ.

ಫ್ರೇಮ್ ಹಾಕಿಸಿದ ನಕಾಶೆ ಸ್ಕೂಲಿನ ಆಫೀಸ್ ರೂಮಿನಲ್ಲಿದೆ. ಐದು ಚೈನ್ ಅಗಲದ ಜಾಗಕ್ಕೆ ಕೆಂಪು ಬಣ್ಣ, ಎರಡು ಚೈನ್ ಪಟ್ಟೆಗೆ ಕಪ್ಪು. ಅಜ್ಜಿ ಮೊಮ್ಮಗನ ಕೈ ಹಿಡಿದು ಬಂದು ನೋಡಿದರು. ಮೊದಲು ಹುಡುಕಿದ್ದು ಅವರ ಹೊಲವನ್ನೇ.

ಹೋದ ವಾರ ತರೀಕೆರೆ ಕಡೆಯವರೊಬ್ಬರು ಫೋನ್ ಮಾಡಿದ್ದರು. ತರೀಕೆರೆಯಿಂದ ನರಸಿಂಹರಾಜಪುರಕ್ಕೆ ಇದ್ದ ಎರಡಡಿ ಗೇಜಿನ ಲೈನು ಹುಡುಕುತ್ತಿದ್ದಾರೆ. ಅಲ್ಲಿ ಹಳಿಯೂ ಇಲ್ಲ, ರೈಲೂ ಇಲ್ಲ, ಕಾಡು ಮತ್ತು ಭದ್ರಾ ಹಿನ್ನೀರು. ಗ್ರಾಮ ನಕಾಶೆ ತೆಗೆಸಿ, ಪಟ್ಟೆ ಎಲ್ಲಿ ದಪ್ಪ ಆಗುತ್ತದೆ ನೋಡಿ ಅಂದಿದ್ದೇನೆ. ಏಪ್ರಿಲ್‌ನಲ್ಲಿ ನೀರು ಇಳಿದಾಗ ನಾನೂ ಚೈನ್ ಹಿಡಿದು ಹೋಗುತ್ತೇನೆ.